ಟ್ರಾಮು ಹಾದುಹೋಗುತ್ತದೆ

ಊರಿನ ಹೆಸರಿಗೆ ದೋಣಿ ಎಂದರ್ಥ.
ಇದ್ದ ಹೊಳೆಗಳನ್ನು ಗಿರಣಿಯವರು ಎಂದೋ
ಚರಂಡಿ ಕೊಳವೆಗೆ ತುರುಕಿಬಿಟ್ಟಿದ್ದರು.
ರಾಜಧಾನಿ ಇಟ್ಟಿಗೆಪುಡಿಯಾಗಿ ಬಿದ್ದಿತ್ತಲ್ಲ,
ದೇಶದ ಸಿನಿಮಾ ನಮ್ಮ ವುಚ್‌ಗೆ ಬಂತು
ಹಾಸಿಗೆ ಸುತ್ತಿಕೊಂಡು ಬಂದ ನೆಂಟನ ಹಾಗೆ.

ನನಗೆ ಹತ್ತೊಂಬತ್ತು. ಬೆರಳಚ್ಚಿನ ಕೆಲಸ.
ಯಂತ್ರ ಜರ್ಮನರು ಬಿಟ್ಟೋಡಿದ್ದು,
ಅದರಲ್ಲಿ ನಮ್ಮ 'ವ' ಇರಲಿಲ್ಲ.
ಅವರ 'ಲ' ಒತ್ತಿ, ಹಾಳೆ ತೆಗೆದು,
ಒಂದೊಂದಕ್ಕೂ ಪೆನ್ನಿನಲ್ಲಿ ಅಡ್ಡಗೆರೆ ಎಳೆಯಬೇಕು.
ಮರೆತರೆ ಬೆಂಚು ಲಾವಾರಸವಾಗುತ್ತದೆ,
ಕರುಣೆ ಊರುಗೋಲಾಗುತ್ತದೆ.
ಪುಟಕ್ಕೆ ಅರವತ್ತೋ ಎಪ್ಪತ್ತೋ.
ಒಂದು ಚಿತ್ರಕಥೆಗೆ ಎಷ್ಟು, ನೀವೇ ಲೆಕ್ಕ ಹಾಕಿ.

ಬರೆಯುವವಳು ಟೆಯೊಫಿಲಾ ವಾವ್ರಿನೋವಿಚ್.
ಕೋಣೆಯೊಳಗೂ ಓವರ್‌ಕೋಟು,
ತುದಿ ಕತ್ತರಿಸಿದ ಕೈಗವಸು.
ಗಿರಣಿಯ ಹಳೇ ಲೆಡ್ಜರಿನ ಬೆನ್ನೇ ಕಾಗದ:
ಈ ಮಗ್ಗುಲಲ್ಲಿ ಮನೆಗೆ ಮರಳದವರು,
ಆ ಮಗ್ಗುಲಲ್ಲಿ ಇಷ್ಟು ಗಜ ಫ್ಲಾನೆಲ್, ಇಷ್ಟು ಬಾಕಿ.
ಮಾತು ಬರೆಯುವಳು, ಹೊಡೆದುಹಾಕುವಳು.
"ಆರು ವರ್ಷ ಪಿಸುಗುಟ್ಟಿ ಬದುಕಿದ ಜನ, ಗೇನ್ಯಾ,
ಪರದೆಗೆ ಬಂದಕೂಡಲೇ ಭಾಷಣ ಬಿಗಿಯುತ್ತಾರೇನೇ?"

ನಲವತ್ತೊಂದನೆಯ ದೃಶ್ಯ ನಾನೇ ಟೈಪು ಮಾಡಿದ್ದು.
ತಾಯಿ ಮೇಜಿಗೆ ನಾಲ್ಕು ತಟ್ಟೆ ಇಡುತ್ತಾಳೆ.
ನಿಲ್ಲುತ್ತಾಳೆ.
ಒಂದನ್ನು ಹಿಂದಕ್ಕೆ ತೆಗೆದು
ಸೆರಗಂಚಿನಂಥ ಏಪ್ರನ್ನಿನ ತುದಿಯಲ್ಲಿ ಒರೆಸುತ್ತಾಳೆ.
ತಟ್ಟೆ ಕೊಳೆಯಾಗಿಲ್ಲ.
ಯಾರೂ ಮಾತಾಡುವುದಿಲ್ಲ.

ಸಮಿತಿಯಲ್ಲಿ ಏಳು ಮಂದಿ, ಒಂದೇ ಒಂದು ಒಲೆ.
"ಇಲ್ಲಿ ಯಾರಾದರೂ ಏನಾದರೂ ಹೇಳಲೇಬೇಕು," ಅಂದರು.
ನಾಳೆಯ ಬಗ್ಗೆ. ಇಟ್ಟಿಗೆಯ ಬಗ್ಗೆ. ಸಾಧ್ಯವಾದರೆ ಉಕ್ಕಿನ ಬಗ್ಗೆ.
ಆಗಲಿ ಅಂದಳು.
ಒಲೆಯ ಹತ್ತಿರದ ಕುರ್ಚಿ ಕೇಳಿ ಪಡೆದು
ಅಲ್ಲೇ ಹನ್ನೊಂದು ಸಾಲು ಬರೆದುಕೊಟ್ಟಳು,
ಹಿರಿಮಗನ ಬಾಯಲ್ಲಿ. ಒಳ್ಳೆಯ ಸಾಲುಗಳೇ.
ಒಬ್ಬರು ಕಣ್ಣೊರೆಸಿಕೊಂಡರು.
ಕೆಳಗೆ, ಆವರಣದೊಳಗೆ, ನಾಲ್ಕೇ ಪದ:
'ಹೊರಗೆ ಟ್ರಾಮು ಹಾದುಹೋಗುತ್ತದೆ.'
ಟ್ರಾಮಿಗೆ ಯಾರ ಆಕ್ಷೇಪಣೆಯೂ ಇರಲಿಲ್ಲ.
ಮೊಹರು ಬಿತ್ತು.

ಸದ್ದಿನ ಹುಡುಗ ಝ್ಜಿಸ್ವಾವ್ ಎರಡು ರಾತ್ರಿ
ಹಳಿಯ ತಿರುವಿನಲ್ಲಿ ಮೈಕು ಹಿಡಿದು ಕೂತ,
ಕಬ್ಬಿಣ ಅರಚುವ ಟ್ರಾಮೇ ಬೇಕೆಂದು.

ಮೊದಲ ಪ್ರದರ್ಶನ. ಒದ್ದೆ ಉಣ್ಣೆಯ ವಾಸನೆ.
ಮಗ ಬಾಯಿ ತೆರೆದ, ಟ್ರಾಮು ಬಂತು,
ಬಂತು, ಬರುತ್ತಲೇ ಇತ್ತು,
ಹೋಗುವಷ್ಟರಲ್ಲಿ ಅವನ ಬಾಯಿ ಮುಚ್ಚಿತ್ತು.
ಉಳಿದದ್ದು ತಾಯಿಯ ಕೈ, ತಟ್ಟೆ.
ನನ್ನ ಮುಂದಿನ ಸಾಲಿನ ಹೆಂಗಸು
ತನ್ನ ಮಡಿಲಲ್ಲಿ ಏನನ್ನೋ ಒರೆಸುತ್ತಿದ್ದಳು.
ಮಡಿಲು ಬರಿದಾಗಿತ್ತು.

ಪೋಸ್ಟರಿನಲ್ಲಿ ಅವಳ ಹೆಸರು ಕಟ್ಟಕಡೆಗೆ,
ಇರುವೆಗಾತ್ರದಲ್ಲಿ, ಅದೂ ಗೆರೆಯಿಲ್ಲದೆ: ಲಾವ್ರಿನೋವಿಚ್.
ಆ ರಾತ್ರಿ ಪೆನ್ನು ತೆಗೆದುಕೊಂಡು ಹೊರಟೆ.
ಮೂರು ಗೋಡೆ ಆಯಿತು.
ನಾಲ್ಕನೆಯದರಲ್ಲಿ ಶಾಯಿ ಹೆಪ್ಪುಗಟ್ಟಿತು.
ಮರುದಿನ ಹೇಳಿದರೆ ಅವಳು ನಕ್ಕು,
"ಒಂದು ಗೆರೆಗೆ ಇಷ್ಟು ಚಳಿಯೇ," ಅಂದಳು.
ನಕ್ಕಿದ್ದೋ ಕೆಮ್ಮಿದ್ದೋ, ಈಗ ನೆನಪಿಲ್ಲ.
ಆಮೇಲೆ ಬರೆದದ್ದಕ್ಕೆ ಮೊಹರು ಬೀಳಲಿಲ್ಲ.
ಲೆಡ್ಜರಿನ ಹಾಳೆಗಳೂ ಮುಗಿದವು.

ನನಗೀಗ ತೊಂಬತ್ತೊಂದು.
ಹಳೆ ಚಿತ್ರ ತೊಳೆದು ಹೊಸದು ಮಾಡಿದ್ದೇವೆ, ಬನ್ನಿ,
ಎಂದು ಕಾರು ಕಳಿಸಿದ್ದರು, ಹೂವನ್ನೂ.
ಗೀಚು ಇಲ್ಲ, ಮಚ್ಚೆ ಇಲ್ಲ,
ತಾಯಿಯ ಏಪ್ರನ್ನಿನ ಹೊಲಿಗೆ ಕೂಡ ಕಾಣುತ್ತದೆ.
ಹೆಸರಿಗೆ ಗೆರೆಯನ್ನೂ ಎಳೆದಿದ್ದಾರೆ, ಪುಣ್ಯಾತ್ಮರು.
ನಾಲ್ಕು ತಟ್ಟೆ. ನಿಂತಳು. ಒಂದನ್ನು ತೆಗೆದಳು.
ಮಗ ಬಾಯಿ ತೆರೆದ.

ಟ್ರಾಮು ಬರಲಿಲ್ಲ.

ಗದ್ದಲವೆಂದು ಸೋಸಿ ತೆಗೆದಿದ್ದರು.
ಇಟ್ಟಿಗೆ, ನಾಳೆ, ಉಕ್ಕು,
ಸಭಾಂಗಣದ ನಾಲ್ಕು ಮೂಲೆಗೂ ಸ್ಪಷ್ಟವಾಗಿ,
ಸ್ಫಟಿಕದ ಹಾಗೆ ಸ್ಪಷ್ಟವಾಗಿ,
ಒಂದನೆಯ ಸಾಲು, ಎರಡನೆಯ ಸಾಲು.

ಎದ್ದುನಿಲ್ಲಲು ನನಗೆ ಹೊತ್ತು ಹಿಡಿಯುತ್ತದೆ.
ಮೂರನೆಯ ಸಾಲಿಗೆ ಎದ್ದೆ.
ಊರುಗೋಲೆತ್ತಿ ಮರದ ನೆಲಕ್ಕೆ ಕುಟ್ಟಿದೆ,
ಕುಟ್ಟಿದೆ, ಕುಟ್ಟುತ್ತಲೇ ಇದ್ದೆ.
ಜನ ತಿರುಗಿದರು. "ಅಜ್ಜೀ," ಅಂತ ಯಾರೋ ತೋಳು ಹಿಡಿದರು.
ಇನ್ನೂ ಎಂಟು ಸಾಲಿದೆ, ಬಿಡಿ, ಎಂದೆ.